ಎಲೆ ದಂಡಿಯಾಗಿದೆ, ಹೂವೇ ಇಲ್ಲ: ಹೈಡ್ರೇಂಜಿಯಾ ಗಿಡಕ್ಕೆ ಏನಾಗಿದೆ?

ಪ್ರಶ್ನೆ: ಹೋದ ವರ್ಷ ನನಗೆ ನೀಲಿ ಹೂಗೊಂಚಲಿದ್ದ ಹೈಡ್ರೇಂಜಿಯಾ ಗಿಡವೊಂದು ಉಡುಗೊರೆಯಾಗಿ ಬಂತು. ಹೂ ಒಣಗಿದ ಮೇಲೆ ಕೋಕೋಪೀಟ್ (ತೆಂಗಿನ ನಾರಿನ ಪುಡಿ) ತುಂಬಿದ ದೊಡ್ಡ ಕುಂಡಕ್ಕೆ ಬದಲಾಯಿಸಿದೆ. ಚಳಿಗಾಲದ ಕೊನೆಗೆ, ಗುಲಾಬಿ ಗಿಡಕ್ಕೆ ಮಾಡುವ ಹಾಗೆ, ಅರ್ಧಕ್ಕೆ ಕತ್ತರಿಸಿದೆ. ಈಗ ಪೊದೆಯಂತೆ ಬೆಳೆದಿದೆ, ಎಲೆಗಳು ಅಂಗೈಗಿಂತ ಅಗಲ. ಆದರೆ ಬಂದಿದ್ದು ಒಂದೇ ಗೊಂಚಲು, ಅದೂ ಪಿಂಕ್! ಮಧ್ಯಾಹ್ನವಾದರೆ ಎಲೆಗಳೆಲ್ಲ ಜೋತು ಬೀಳುತ್ತವೆ, ದಿನಕ್ಕೆ ಎರಡು ಮೂರು ಸಲ ನೀರು ಹಾಕುತ್ತೇನೆ. ಹದಿನೈದು ದಿನಕ್ಕೊಮ್ಮೆ ಗೊಬ್ಬರವನ್ನೂ ಕೊಡುತ್ತಿದ್ದೇನೆ. ತುಕ್ಕು ಹಿಡಿದ ಮೊಳೆ ಹೂತರೆ, ಕಾಫಿ ಗಸಿ ಹಾಕಿದರೆ ನೀಲಿ ಬರುತ್ತದೆ ಅಂತಾರೆ, ನಿಜವೇ? ಗಿಡವನ್ನು ಕುಂಡದಿಂದ ನೆಲಕ್ಕೆ ಇಳಿಸಬಹುದೇ?

ಉತ್ತರ: ನಿಮ್ಮ ಗಿಡಕ್ಕೆ ಯಾವ ಕಾಯಿಲೆಯೂ ಬಂದ ಹಾಗೆ ಕಾಣುತ್ತಿಲ್ಲ. ಅಂಗೈಗಿಂತ ಅಗಲದ ಎಲೆ ಬಿಟ್ಟು ಪೊದೆ ಕಟ್ಟಿದೆ ಅಂದರೆ ಅದು ಗಟ್ಟಿಮುಟ್ಟಾಗಿಯೇ ಇದೆ. ಹೂ ಯಾಕೆ ಬರಲಿಲ್ಲ ಅಂದರೆ, ಈ ವರ್ಷದ ಹೂಮೊಗ್ಗುಗಳೆಲ್ಲ ನೀವು ಕತ್ತರಿಸಿ ಎಸೆದ ಕಡ್ಡಿಗಳ ತುದಿಯಲ್ಲಿದ್ದವು. ಹೈಡ್ರೇಂಜಿಯಾ ಹೂ ಬಿಡುತ್ತಿಲ್ಲ ಅಂತ ಕೇಳುವವರಲ್ಲಿ ಹೆಚ್ಚಿನವರದ್ದು ಇದೇ ಕಥೆ. ಗಿಡವನ್ನು ಕಡೆಗಣಿಸಿದವರಿಗಿಂತ ಅತಿಯಾಗಿ ಆರೈಕೆ ಮಾಡಿದವರೇ ಜಾಸ್ತಿ. ಹಾಗಾಗಿ ನನ್ನ ಉತ್ತರದಲ್ಲಿ 'ಇದನ್ನು ಮಾಡಿ' ಅನ್ನುವುದಕ್ಕಿಂತ 'ಇದನ್ನು ಬಿಡಿ' ಅನ್ನುವುದೇ ಹೆಚ್ಚಿರುತ್ತದೆ.

ಮೊದಲು ಮೊಗ್ಗಿನ ಲೆಕ್ಕ ತಿಳಿದುಕೊಳ್ಳೋಣ. ಕುಂಡದಲ್ಲಿ ಉಡುಗೊರೆಯಾಗಿ ಬರುವ, ಗುಂಡನೆಯ ದೊಡ್ಡ ಗೊಂಚಲಿನ ಹೈಡ್ರೇಂಜಿಯಾ ಸಾಮಾನ್ಯವಾಗಿ ಹೈಡ್ರೇಂಜಿಯಾ ಮ್ಯಾಕ್ರೊಫಿಲಾ ಎಂಬ ಜಾತಿಯದ್ದು. ನಾವಿಲ್ಲಿ ದೊಡ್ಡೆಲೆ ಜಾತಿ ಅನ್ನೋಣ. ಇದರ ತವರು ಜಪಾನ್. ಅಲ್ಲಿ ಜೂನ್ ತಿಂಗಳ ಮಳೆಗಾಲದಲ್ಲಿ ಇದು ಅರಳುತ್ತದೆ. ಕಾಮಾಕುರಾದ ಮೇಗೆತ್ಸು-ಇನ್ ದೇವಾಲಯಕ್ಕೆ ಆ ಹೊತ್ತಿನಲ್ಲಿ ಈ ಹೂ ನೋಡಲೆಂದೇ ಜನ ಹೋಗುತ್ತಾರೆ. ತೇವದ ಗಾಳಿ, ಮೋಡದ ಬೆಳಕು, ಒಣಗದ ಮಣ್ಣು. ಗಿಡಕ್ಕೆ ಏನು ಇಷ್ಟ ಅಂತ ಇದರಲ್ಲೇ ಗೊತ್ತಾಗುತ್ತದೆ ಅಲ್ವಾ?

ಈ ಜಾತಿ ಮುಂದಿನ ವರ್ಷದ ಹೂವಿಗೆ ಈ ವರ್ಷವೇ ಸಿದ್ಧತೆ ಮಾಡಿಕೊಳ್ಳುತ್ತದೆ. ಹೂ ಮುಗಿದು, ಬೇಸಿಗೆ ಇಳಿದು, ಹಗಲು ಚಿಕ್ಕದಾಗಿ ರಾತ್ರಿ ತಂಪಾಗತೊಡಗಿದಾಗ ಪ್ರತಿ ಕಡ್ಡಿಯ ತುದಿಯಲ್ಲಿ ಒಂದು ದಪ್ಪ ಮೊಗ್ಗು ಕೂರುತ್ತದೆ. ಅದರೊಳಗೆ ಮುಂದಿನ ಹೂಗೊಂಚಲು ಸಣ್ಣ ರೂಪದಲ್ಲಿ ಆಗಲೇ ಇರುತ್ತದೆ. ಆಮೇಲೆ ಎಲೆ ಉದುರುತ್ತದೆ. ಚಳಿಗಾಲವಿಡೀ ಆ ಕಡ್ಡಿ ಬೋಳಾಗಿ, ಸತ್ತ ಹಾಗೆ ನಿಂತಿರುತ್ತದೆ. ನೋಡಿದವರಿಗೆ ಕತ್ತರಿಸಬೇಕು ಅನ್ನಿಸುವುದು ಸಹಜ. ಆದರೆ ಮೊಗ್ಗು ಹೊತ್ತ ಆ ತುದಿ ಹೋದರೆ ಆ ವರ್ಷದ ಹೂ ಹೋಯಿತು. ಕೆಳಗಿನ ಗೆಣ್ಣುಗಳಿಂದ ಜೋರಾಗಿ ಚಿಗುರು ಬರುತ್ತದೆ, ಆದರೆ ಅದರಲ್ಲಿ ಹೆಚ್ಚಿನದು ಬರೀ ಎಲೆ. ನಿಮಗೆ ಬಂದ ಆ ಒಂಟಿ ಗೊಂಚಲು, ಬಹುಶಃ ನಿಮ್ಮ ಕತ್ತರಿಗೆ ಸಿಗದೆ ತಪ್ಪಿಸಿಕೊಂಡ ಯಾವುದೋ ಗಿಡ್ಡ ಕಡ್ಡಿಯದ್ದು.

ಹಾಗಾದರೆ ಹೈಡ್ರೇಂಜಿಯಾವನ್ನು ಕತ್ತರಿಸಲೇಬಾರದೇ? ಅದು ಜಾತಿಯ ಮೇಲೆ ಹೋಗುತ್ತದೆ. ಗೊಂದಲವೆಲ್ಲ ಹುಟ್ಟುವುದು ಇಲ್ಲೇ. ಒಬ್ಬರು 'ನಾನು ಪ್ರತಿ ವರ್ಷ ಮೊಣಕಾಲೆತ್ತರಕ್ಕೆ ಕತ್ತರಿಸುತ್ತೇನೆ, ಗಿಡದ ತುಂಬ ಹೂ' ಅನ್ನುತ್ತಾರೆ. ಇನ್ನೊಬ್ಬರು ಅದನ್ನೇ ಮಾಡಿ ಬರೀ ಎಲೆ ನೋಡುತ್ತಾರೆ. ಇಬ್ಬರೂ ನಿಜವನ್ನೇ ಹೇಳುತ್ತಿರುತ್ತಾರೆ, ಅವರ ಗಿಡಗಳು ಬೇರೆ ಬೇರೆ.

ಹಳೆಯ ಕಡ್ಡಿಯಲ್ಲಿ ಹೂ ಬಿಡುವವು ಮುಖ್ಯವಾಗಿ ಮೂರು: ನಿಮ್ಮ ದೊಡ್ಡೆಲೆ ಜಾತಿ, ಅದರ ಹತ್ತಿರದ ನೆಂಟನಾದ ಸೆರಾಟಾ ಎಂಬ ಬೆಟ್ಟದ ಜಾತಿ, ಮತ್ತು ಅಮೆರಿಕದ ಕ್ವೆರ್ಸಿಫೋಲಿಯಾ. ಕೊನೆಯದರ ಎಲೆ ಓಕ್ ಮರದ ಎಲೆಯಂತೆ ಸೀಳುಸೀಳಾಗಿರುವುದರಿಂದ ಗುರುತಿಸುವುದು ಸುಲಭ. ಹೊಸ ಚಿಗುರಿನಲ್ಲಿ ಹೂ ಬಿಡುವವು ಮುಖ್ಯವಾಗಿ ಎರಡು. ಒಂದು ಪ್ಯಾನಿಕುಲೇಟಾ: ಇದರ ಗೊಂಚಲು ಗುಂಡಗಿರುವುದಿಲ್ಲ, ಶಂಕುವಿನಂತೆ ಮೇಲೆ ಚೂಪಾಗಿರುತ್ತದೆ. 'ಲೈಮ್‌ಲೈಟ್' ಎಂಬ ತಳಿ ಇದರದ್ದೇ. ಇನ್ನೊಂದು ಆರ್ಬೊರೆಸೆನ್ಸ್: 'ಅನಾಬೆಲ್' ಎಂಬ ಬಿಳಿ ಹೂವಿನ ತಳಿಯಿಂದ ಇದು ಹೆಸರಾಗಿದೆ. ಇದರದ್ದೂ ಗುಂಡನೆಯ ಗೊಂಚಲೇ, ಆದರೆ ಎಲೆ ತೆಳು, ಹೊಳಪಿಲ್ಲ. ದೊಡ್ಡೆಲೆ ಜಾತಿಯ ಎಲೆ ದಪ್ಪ, ನುಣುಪು, ಅಂಚಿನಲ್ಲಿ ಗರಗಸದ ಹಲ್ಲು. ಈ ಎರಡು ಹೊಸ ಚಿಗುರಿನ ಜಾತಿಗಳನ್ನು ಚಳಿಗಾಲದ ಕೊನೆಗೆ ಧೈರ್ಯವಾಗಿ ಕತ್ತರಿಸಬಹುದು. ಅನಾಬೆಲ್ ಅನ್ನು ಮಾತ್ರ ನೆಲಮಟ್ಟಕ್ಕೆ ಇಳಿಸಬೇಡಿ. 30 ರಿಂದ 45 ಸೆಂಟಿಮೀಟರ್ ಬಿಟ್ಟರೆ ಆ ಹಳೆಯ ಕಡ್ಡಿಗಳು ಭಾರದ ಗೊಂಚಲುಗಳಿಗೆ ಆಸರೆಯಾಗುತ್ತವೆ. ಇಲ್ಲದಿದ್ದರೆ ಒಂದು ಮಳೆಗೆ ಎಲ್ಲ ನೆಲಕ್ಕೆ ಬಾಗುತ್ತವೆ.

ಹಳೆಯ ಕಡ್ಡಿ, ಹೊಸ ಚಿಗುರು ಎರಡರಲ್ಲೂ ಹೂ ಬಿಡುವ ದೊಡ್ಡೆಲೆ ತಳಿಗಳೂ ಬಂದಿವೆ. 2004ರಲ್ಲಿ ಮಾರುಕಟ್ಟೆಗೆ ಬಂದ 'ಎಂಡ್‌ಲೆಸ್ ಸಮ್ಮರ್' ಇವುಗಳಲ್ಲಿ ಪ್ರಸಿದ್ಧ. ಇವು ಒಂದಿಷ್ಟು ತಪ್ಪನ್ನು ಕ್ಷಮಿಸುತ್ತವೆ. ಆದರೂ ಮೊದಲ ಸುತ್ತಿನ ದಟ್ಟ ಹೂ ಬರುವುದು ಹಳೆಯ ಕಡ್ಡಿಯಿಂದಲೇ, ಹಾಗಾಗಿ ಕತ್ತರಿಯ ನಿಯಮ ಬದಲಾಗುವುದಿಲ್ಲ. ನಿಮ್ಮ ಗಿಡ ಯಾವ ಜಾತಿ ಅಂತ ಎಷ್ಟು ನೋಡಿದರೂ ಗೊತ್ತಾಗದಿದ್ದರೆ ಒಂದು ವರ್ಷ ಕತ್ತರಿಯನ್ನೇ ಮುಟ್ಟಬೇಡಿ. ಹೂ ಎಲ್ಲಿಂದ ಬರುತ್ತದೆ ಅಂತ ಗಿಡವೇ ತೋರಿಸುತ್ತದೆ.

ನಿಮ್ಮ ಗಿಡಕ್ಕೆ ಮಾಡಬೇಕಾದ್ದು ಇಷ್ಟು. ಹೂ ಬಾಡಿದ ಕೂಡಲೇ, ತಿಂಗಳುಗಟ್ಟಲೆ ತಡಮಾಡದೆ, ಗೊಂಚಲಿನ ಕೆಳಗಿನ ಮೊದಲ ಗಟ್ಟಿ ಮೊಗ್ಗಿನ ಜೋಡಿಯವರೆಗೆ ಮಾತ್ರ ಕತ್ತರಿಸಿ. ಕತ್ತರಿಸಿದ ಮೇಲೆ ಹೊಸ ಮೊಗ್ಗು ಕೂರಲು ಗಿಡಕ್ಕೆ ಸಮಯ ಸಿಗುತ್ತದೆ. ಹಿಮ ಬೀಳುವ ಕಡೆ ಇರುವವರು ಒಣ ಗೊಂಚಲನ್ನು ಚಳಿಗಾಲ ಮುಗಿಯುವವರೆಗೆ ಹಾಗೇ ಬಿಡುವುದು ಒಳ್ಳೆಯದು, ಅದು ಕೆಳಗಿನ ಮೊಗ್ಗಿಗೆ ಸ್ವಲ್ಪ ಮರೆಯಾಗುತ್ತದೆ. ವಸಂತದಲ್ಲಿ ಚಿಗುರು ಬಂದ ಮೇಲೂ ಹಸಿರಾಗದ ಕಡ್ಡಿಯನ್ನು ಉಗುರಿನಿಂದ ಕೆರೆದು ನೋಡಿ. ಒಳಗೆ ಹಸಿರಿದ್ದರೆ ಬಿಡಿ, ಕಂದಾಗಿ ಒಣಗಿದ್ದರೆ ತೆಗೆಯಿರಿ. ಗಿಡಕ್ಕೆ ಮೂರು ನಾಲ್ಕು ವರ್ಷ ತುಂಬಿದ ಮೇಲೆ, ಹೂ ಮುಗಿದಾಗ, ತೀರಾ ಹಳೆಯದಾದ ಒಂದೆರಡು ದಪ್ಪ ಕಡ್ಡಿಗಳನ್ನು ಬುಡದಿಂದಲೇ ತೆಗೆಯುತ್ತಾ ಹೋಗಿ. ಒಂದೇ ಸಲಕ್ಕೆ ಮೂರನೇ ಒಂದು ಭಾಗಕ್ಕಿಂತ ಹೆಚ್ಚು ಬೇಡ. ಹೀಗೆ ಮಾಡಿದರೆ ಒಳಗೆ ಗಾಳಿಯಾಡುತ್ತದೆ, ಬುಡದಿಂದ ಹೊಸ ಕಡ್ಡಿ ಏಳುತ್ತದೆ.

ಕತ್ತರಿಯಷ್ಟೇ ಮುಖ್ಯವಾದ ಇನ್ನೊಂದು ಕಾರಣವನ್ನು ಜನ ಮರೆಯುತ್ತಾರೆ: ಚಳಿ. ದೊಡ್ಡೆಲೆ ಜಾತಿಯಲ್ಲಿ ಹೂಮೊಗ್ಗು ಚೆನ್ನಾಗಿ ಕೂರಬೇಕಾದರೆ ಕೆಲವು ವಾರ ಉಷ್ಣತೆ ಸುಮಾರು 18 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗಿರಬೇಕು. ಆಮೇಲೆ ಆ ಮೊಗ್ಗು ನಿದ್ದೆಯಿಂದ ಏಳಲು ಇನ್ನೊಂದಿಷ್ಟು ಚಳಿ ಬೇಕು. ಹೂ ತುಂಬಿದ ಕುಂಡಗಳನ್ನು ತಯಾರಿಸುವ ಬೆಳೆಗಾರರು ಗಿಡಗಳನ್ನು 4ರಿಂದ 7 ಡಿಗ್ರಿಯ ತಂಪು ಕೋಣೆಯಲ್ಲಿ ಸುಮಾರು 6 ವಾರ ಇಟ್ಟು, ಆಮೇಲೆ ಬೆಚ್ಚಗಿನ ಹಸಿರುಮನೆಗೆ ತಂದು ಹೂ ಬರಿಸುತ್ತಾರೆ. ನಿಮಗೆ ಬಂದ ಉಡುಗೊರೆ ಗಿಡವೂ ಬಹುಶಃ ಇಂಥದ್ದೇ. ಹಾಗಾಗಿ ವರ್ಷವಿಡೀ ರಾತ್ರಿಯೂ ಸೆಕೆ ಇರುವ ಜಾಗದಲ್ಲಿ ಮೊದಲ ವರ್ಷದ ವೈಭವ ಮತ್ತೆ ಬರುವುದು ಕಷ್ಟ. ಇದನ್ನು ಮುಚ್ಚಿಟ್ಟು ನಿಮಗೆ ಇನ್ನೊಂದು ಚೀಲ ಗೊಬ್ಬರ ಹಾಕಿ ಅನ್ನುವುದು ಸರಿಯಲ್ಲ. ಅಂಥ ಕಡೆ ಕುಂಡದಲ್ಲೇ ಇಟ್ಟುಕೊಳ್ಳಿ. ಚಳಿಗಾಲದಲ್ಲಿ ಮನೆಯ ಒಳಗೆ ತರದೆ, ರಾತ್ರಿಯ ತಂಪು ಪೂರ್ತಿ ತಾಗುವ ಬಯಲಲ್ಲಿಡಿ. ಆ ಸಮಯದಲ್ಲಿ ಗೊಬ್ಬರ ನಿಲ್ಲಿಸಿ, ಮಣ್ಣು ಪೂರ್ತಿ ಒಣಗದಷ್ಟು ಮಾತ್ರ ನೀರು ಕೊಡಿ. ಎಲೆ ಹಳದಿಯಾಗಿ ಉದುರಿದರೆ ಗಾಬರಿ ಬೇಡ, ಅದು ವಿಶ್ರಾಂತಿಗೆ ಹೋಗುತ್ತಿದೆ. ಗಿಡ ಇಂಥ ವಿಶ್ರಾಂತಿಯಲ್ಲಿದ್ದಾಗಲೇ 'ಪಾಪ' ಅಂತ ಬಿಸಿಲು ಕಿಟಕಿಯ ಪಕ್ಕಕ್ಕೆ ತಂದಿಡುವವರು ತುಂಬ ಜನ.

ಹಾಗೆಯೇ ತೀರಾ ಚಳಿಯ ಕಡೆ ಉಲ್ಟಾ ತೊಂದರೆ. ಗಿಡ ಬದುಕುತ್ತದೆ, ಆದರೆ ತುದಿಯ ಮೊಗ್ಗು ಹೆಪ್ಪುಗಟ್ಟಿ ಸಾಯುತ್ತದೆ. ಚಿಗುರು ಬಂದ ಮೇಲೆ ತಡವಾಗಿ ಬೀಳುವ ಮಂಜು ಇನ್ನೂ ಕೆಟ್ಟದ್ದು. ಅಂಥ ರಾತ್ರಿ ಒಂದು ಹಳೆಯ ಬೆಡ್‌ಶೀಟ್ ಹೊದಿಸಿದರೆ ಆ ವರ್ಷದ ಹೂ ಉಳಿಯಬಹುದು. ಪ್ರತಿ ವರ್ಷ ಹೀಗೇ ಆಗುತ್ತಿದ್ದರೆ ದೊಡ್ಡೆಲೆ ಜಾತಿಯ ಹಟ ಬಿಟ್ಟು ಪ್ಯಾನಿಕುಲೇಟಾ ಹಾಕುವುದು ಜಾಣತನ. ಅದು ಚಳಿಯನ್ನೂ ತಡೆಯುತ್ತದೆ, ಉಳಿದ ಜಾತಿಗಳಿಗಿಂತ ಬಿಸಿಲನ್ನೂ ತಡೆಯುತ್ತದೆ.

ಇನ್ನು ಮಧ್ಯಾಹ್ನ ಜೋತು ಬೀಳುವ ವಿಷಯ. ಇಲ್ಲಿ ನೀವು ನೀರಿನ ಕ್ಯಾನನ್ನು ಸ್ವಲ್ಪ ಕೆಳಗಿಡಬೇಕು. ಹೈಡ್ರೇಂಜಿಯಾದ ಎಲೆ ಅಗಲ, ಬೇರು ಮೇಲ್ಮಟ್ಟದ್ದು, ನಾರಿನಂಥದ್ದು. ಬಿಸಿಲೇರಿದಾಗ ಎಲೆಯಿಂದ ಆವಿಯಾಗುವಷ್ಟು ವೇಗದಲ್ಲಿ ಬೇರು ನೀರು ಎಳೆಯಲಾರದು. ಮಣ್ಣಿನಲ್ಲಿ ಬೇಕಾದಷ್ಟು ತೇವವಿದ್ದರೂ ಎಲೆ ಬಾಗುತ್ತದೆ, ಸಂಜೆ ತಂಪಾದಾಗ ತಾನೇ ಎದ್ದು ನಿಲ್ಲುತ್ತದೆ. ಹಾಗಾಗಿ ಮಧ್ಯಾಹ್ನದ ಗಿಡವನ್ನು ನೋಡಿ ನೀರು ಹಾಕಬೇಡಿ. ಬೆಳಿಗ್ಗೆ ನೋಡಿ. ಬೆಳಿಗ್ಗೆಯೂ ಎಲೆ ಜೋತಿದ್ದರೆ ಬೆರಳನ್ನು ಎರಡು ಗೆಣ್ಣಿನಷ್ಟು ಮಣ್ಣಿಗೆ ಇಳಿಸಿ. ಒಣಗಿದ್ದರೆ ಬಾಯಾರಿಕೆ, ತಳದಿಂದ ಹರಿಯುವಷ್ಟು ನೀರು ಕೊಡಿ. ಒದ್ದೆಯಾಗಿಯೇ ಇದ್ದರೆ ಬೇರು ಕೊಳೆಯುತ್ತಿರಬಹುದು. ಬೇರು ಕೊಳೆತ ಗಿಡವೂ ನೀರಿಲ್ಲದ ಗಿಡದ ಹಾಗೆಯೇ ಬಾಡುತ್ತದೆ. ಜನ ಅದಕ್ಕೆ ಇನ್ನಷ್ಟು ನೀರು ಹಾಕಿ ಕೊಲ್ಲುತ್ತಾರೆ. ದಿನಕ್ಕೆ ಎರಡು ಮೂರು ಸಲ ಅಂದಿದ್ದೀರಿ, ನನಗೆ ಭಯವಿರುವುದು ಇದೊಂದರದ್ದೇ. ಇವತ್ತೇ ಕುಂಡದ ತಳದ ತೂತು ತೆರೆದಿದೆಯೇ, ಕೆಳಗಿನ ತಟ್ಟೆಯಲ್ಲಿ ನೀರು ನಿಂತಿದೆಯೇ ನೋಡಿ.

ನೀರನ್ನು ಬುಡಕ್ಕೆ ಕೊಡಿ, ಎಲೆಯ ಮೇಲೆ ಬೇಡ. ಒದ್ದೆ ಎಲೆ ಚುಕ್ಕೆ ರೋಗಕ್ಕೆ ದಾರಿ. ಸುಮ್ನೆ ಮೇಲ್ಮಣ್ಣು ನೆನೆಸುವುದಕ್ಕಿಂತ, ಬೇಕಾದಾಗ ನಿಧಾನವಾಗಿ ಆಳಕ್ಕೆ ಇಳಿಯುವಂತೆ ಕೊಡುವುದು ಒಳ್ಳೆಯದು. ಬುಡದ ಸುತ್ತ 5ರಿಂದ 7 ಸೆಂಟಿಮೀಟರ್ ದಪ್ಪಕ್ಕೆ ಒಣ ಎಲೆ, ತೊಗಟೆ ಚೂರು ಅಥವಾ ಅರೆ ಕೊಳೆತ ಕಾಂಪೋಸ್ಟ್ ಹೊದಿಸಿ. ಕಾಂಡಕ್ಕೆ ತಾಗದಂತೆ ನಾಲ್ಕು ಬೆರಳು ಬಿಡಿ. ಈ ಹೊದಿಕೆ ಮಾಡುವಷ್ಟು ಉಪಕಾರವನ್ನು ಯಾವ ಟಾನಿಕ್ಕೂ ಮಾಡುವುದಿಲ್ಲ.

ಜಾಗವೂ ನೋಡಬೇಕು. ಬೆಳಗಿನ ಎಳೆ ಬಿಸಿಲು ಮೂರು ನಾಲ್ಕು ಗಂಟೆ, ಮಧ್ಯಾಹ್ನದ ನಂತರ ನೆರಳು: ದೊಡ್ಡೆಲೆ ಜಾತಿಗೆ ಇದು ಹೇಳಿ ಮಾಡಿಸಿದ್ದು. ಪೂರ್ವ ದಿಕ್ಕಿನ ಗೋಡೆಯ ಪಕ್ಕ, ಅಥವಾ ಚದುರಿದ ಬೆಳಕು ಬೀಳುವ ಮರದಡಿ. ಮರದಡಿ ಇಡುವಾಗ ಮರದ ಬೇರು ನೀರನ್ನೆಲ್ಲ ಕುಡಿದುಬಿಡುತ್ತದೆ ಅನ್ನುವುದು ನೆನಪಿರಲಿ. ಪೂರ್ತಿ ಕತ್ತಲ ಮೂಲೆಯಲ್ಲಿಟ್ಟರೆ ಎಲೆ ಕಡು ಹಸಿರಾಗಿ ಚೆನ್ನಾಗಿರುತ್ತದೆ, ಹೂ ಬರುವುದಿಲ್ಲ. ಎಲೆಯಂಚು ಸುಟ್ಟ ಹಾಗೆ ಕಂದಾಗುತ್ತಿದ್ದರೆ ಬಿಸಿಲು ಜಾಸ್ತಿಯಾಗಿದೆ, ಇಲ್ಲವೇ ಗೊಬ್ಬರದ ಉಪ್ಪು ಕುಂಡದಲ್ಲಿ ಸೇರಿದೆ ಅಂತ ಅರ್ಥ.

ಗೊಬ್ಬರ ಅಂದೆನಲ್ಲ, ಹದಿನೈದು ದಿನಕ್ಕೊಮ್ಮೆ ಕೊಡುವುದನ್ನು ನಿಲ್ಲಿಸಿ. ಸಾರಜನಕ ಹೆಚ್ಚಾದರೆ ಗಿಡ ಎಲೆಯ ಹಿಂದೆ ಬೀಳುತ್ತದೆ. ನೀವು ಹೇಳಿದ ಅಂಗೈಗಿಂತ ಅಗಲದ ಎಲೆಗೆ ಅದೂ ಒಂದು ಕಾರಣ ಇರಬಹುದು. ಹುಲ್ಲುಹಾಸಿಗೆ ಹಾಕುವ ಗೊಬ್ಬರ ಹತ್ತಿರದಲ್ಲಿದ್ದರೆ ಅದೂ ಹರಿದು ಬಂದು ಇದೇ ಕೆಲಸ ಮಾಡುತ್ತದೆ. ಚಿಗುರು ಬರುವ ಹೊತ್ತಿಗೆ ಒಮ್ಮೆ, ಹೂ ಮುಗಿದ ಮೇಲೆ ಒಮ್ಮೆ ನಿಧಾನವಾಗಿ ಕರಗುವ ಗೊಬ್ಬರ ಅಥವಾ ಚೆನ್ನಾಗಿ ಕಳಿತ ಕಾಂಪೋಸ್ಟ್ ಕೊಟ್ಟರೆ ಸಾಕು. ಬೇಸಿಗೆ ಇಳಿದು ಮೊಗ್ಗು ಕೂರುವ ಕಾಲ ಬಂದ ಮೇಲೆ ಏನೂ ಬೇಡ. ಆಗ ಕೊಟ್ಟರೆ ಎಳೆ ಚಿಗುರು ಹೊರಟು ಚಳಿಗೆ ಸಿಕ್ಕಿಬೀಳುತ್ತದೆ.

ಈಗ ಎಲ್ಲರೂ ಕೇಳುವ ಬಣ್ಣದ ಪ್ರಶ್ನೆ. ನನಗೂ ಇದೇ ಇಷ್ಟದ ಭಾಗ. ನೀಲಿ ಹೂವಿನಲ್ಲೂ ಪಿಂಕ್ ಹೂವಿನಲ್ಲೂ ಇರುವ ಬಣ್ಣದ ವಸ್ತು ಒಂದೇ. ಅದು ಡೆಲ್ಫಿನಿಡಿನ್ ಎಂಬುದರಿಂದಾದ ಆಂಥೋಸಯನಿನ್. ಅದಕ್ಕೆ ಅಲ್ಯೂಮಿನಿಯಂ ಸಿಕ್ಕಿದರೆ ನೀಲಿ, ಸಿಗದಿದ್ದರೆ ಪಿಂಕ್, ಅರೆಬರೆ ಸಿಕ್ಕಿದರೆ ನೇರಳೆ. ಅಂದರೆ ಬಣ್ಣ ತೀರ್ಮಾನವಾಗುವುದು ಬೇರಿಗೆ ಎಷ್ಟು ಅಲ್ಯೂಮಿನಿಯಂ ಸಿಗುತ್ತದೆ ಅನ್ನುವುದರ ಮೇಲೆ. ಹುಳಿ ಮಣ್ಣು ನೀಲಿ ಕೊಡುತ್ತದೆ ಅನ್ನುವುದು ಅರ್ಧ ಸತ್ಯ ಮಾತ್ರ. ಮಣ್ಣಿನ ರಸಸಾರ (pH, ಅಂದರೆ ಹುಳಿಯ ಅಳತೆ; ಅಂಕಿ ಕಡಿಮೆಯಾದಷ್ಟೂ ಹುಳಿ ಜಾಸ್ತಿ) 5ರಿಂದ 5.5ರ ಆಸುಪಾಸಿನಲ್ಲಿದ್ದಾಗ ಅಲ್ಯೂಮಿನಿಯಂ ನೀರಿನಲ್ಲಿ ಕರಗಿ ಬೇರಿಗೆ ಸಿಗುತ್ತದೆ. 6.5 ದಾಟಿದರೆ ಅದು ಮಣ್ಣಿಗೆ ಅಂಟಿಕೊಂಡು ಕೂರುತ್ತದೆ, ಗಿಡಕ್ಕೆ ಸಿಗುವುದಿಲ್ಲ. ಪೋರ್ಚುಗಲ್‌ಗೆ ಸೇರಿದ ಅಜೋರ್ಸ್ ದ್ವೀಪಗಳಲ್ಲಿ ಫಯಾಲ್ ಅಂತ ಒಂದಿದೆ. ಅದನ್ನು 'ನೀಲಿ ದ್ವೀಪ' ಅಂತಲೇ ಕರೆಯುತ್ತಾರೆ. ಅಲ್ಲಿನ ಜ್ವಾಲಾಮುಖಿ ಮಣ್ಣಿನಲ್ಲಿ ಹೊಲದ ಬೇಲಿಗಳೆಲ್ಲ ಹೈಡ್ರೇಂಜಿಯಾದ ನೀಲಿಯೇ.

ನಿಮ್ಮ ಗಿಡ ಪಿಂಕ್ ಆಗಿದ್ದಕ್ಕೆ ಕಾರಣ ನೀವೇ ಬರೆದಿದ್ದೀರಿ: ಕೋಕೋಪೀಟ್. ಅದರಲ್ಲಿ ಖನಿಜ ಮಣ್ಣೇ ಇಲ್ಲ, ಹಾಗಾಗಿ ಅಲ್ಯೂಮಿನಿಯಂ ಇಲ್ಲವೇ ಇಲ್ಲ ಅನ್ನುವಷ್ಟು ಕಡಿಮೆ. ಎಷ್ಟು ಹುಳಿ ಮಾಡಿದರೂ ಇಲ್ಲದ್ದು ಎಲ್ಲಿಂದ ಬರಬೇಕು? ನಿಮಗೆ ಕೊಟ್ಟಾಗ ನೀಲಿಯಾಗಿತ್ತು ಅಂದರೆ ಬೆಳೆಗಾರರು ಅಲ್ಯೂಮಿನಿಯಂ ಸಲ್ಫೇಟ್ ಹಾಕಿ ಬೆಳೆಸಿರುತ್ತಾರೆ. ಅದರ ಮೇಲೆ ನಿಮ್ಮ ನೀರು ಗಡಸಾಗಿದ್ದರೆ, ಅಂದರೆ ಪಾತ್ರೆಯಲ್ಲಿ ಬಿಳಿ ಕರೆ ಕಟ್ಟುವಂಥದ್ದಾಗಿದ್ದರೆ, ಪ್ರತಿ ಸಲವೂ ಕುಂಡಕ್ಕೆ ಸ್ವಲ್ಪ ಸ್ವಲ್ಪ ಸುಣ್ಣ ಸೇರುತ್ತಿರುತ್ತದೆ. ಸಿಮೆಂಟಿನ ಕುಂಡ, ಹೊಸದಾಗಿ ಗಾರೆ ಮಾಡಿದ ಗೋಡೆಯ ಬುಡ, ಇವೂ ಅದೇ ಕೆಲಸ ಮಾಡುತ್ತವೆ. ಒಂದೇ ಸಾಲಿನಲ್ಲಿ ನೆಟ್ಟ ಗಿಡಗಳಲ್ಲಿ ಗೋಡೆಯ ಕಡೆಯದ್ದು ಪಿಂಕ್, ಆಚೆಯದ್ದು ನೀಲಿ ಬರುವುದು ಹೀಗೆ.

ತುಕ್ಕು ಮೊಳೆ ಕೊಡುವುದು ಕಬ್ಬಿಣವನ್ನು, ಅಲ್ಯೂಮಿನಿಯಂ ಅನ್ನಲ್ಲ. ಹಾಗಾಗಿ ಅದು ನೀಲಿ ತರುವುದಿಲ್ಲ. ಅಗೆಯುವಾಗ ಕೈಗೆ ಚುಚ್ಚುತ್ತದೆ, ಅಷ್ಟೇ. ಕಾಫಿ ಗಸಿಯ ಹುಳಿಯಲ್ಲಿ ಹೆಚ್ಚಿನದು ಡಿಕಾಕ್ಷನ್ ಜೊತೆಗೇ ಹೋಗಿರುತ್ತದೆ. ಕಾಂಪೋಸ್ಟಿಗೆ ಹಾಕಿ, ಒಳ್ಳೆಯದೇ. ಹಸಿಯಾಗಿ ದಪ್ಪಗೆ ಹರಡಿದರೆ ಗಟ್ಟಿ ಪದರ ಕಟ್ಟಿ ನೀರನ್ನೇ ತಡೆಯುತ್ತದೆ. ವಿನೆಗರ್ ಸುರಿಯುವವರೂ ಇದ್ದಾರೆ. ಅದರ ಪರಿಣಾಮ ಮಣ್ಣಿನಲ್ಲಿ ಬೇಗ ಕರಗಿಹೋಗುತ್ತದೆ, ಜಾಸ್ತಿಯಾದರೆ ಬೇರು ಸುಡುತ್ತದೆ.

ನೀಲಿಯೇ ಬೇಕು ಅಂದರೆ ದಾರಿ ಇದೆ. 4 ಲೀಟರ್ ನೀರಿಗೆ 1 ದೊಡ್ಡ ಚಮಚ ಅಲ್ಯೂಮಿನಿಯಂ ಸಲ್ಫೇಟ್ ಕರಗಿಸಿ. ಮೊದಲು ಬರೀ ನೀರು ಹಾಕಿ ಮಣ್ಣನ್ನು ನೆನೆಸಿ, ಆಮೇಲೆ ಈ ನೀರನ್ನು ಬುಡದ ಸುತ್ತ ಕೊಡಿ. ಎಲೆಗೆ ತಾಗಿಸಬೇಡಿ. ಚಿಗುರು ಹೊರಡುವಾಗಲೇ ಶುರುಮಾಡಿ, ತಿಂಗಳ ಅಂತರದಲ್ಲಿ ಎರಡು ಮೂರು ಸಲ ಸಾಕು. ಅರಳಿದ ಹೂವಿಗೆ ಹಾಕಿ ಕಾಯುತ್ತಾ ಕೂತರೆ ಪ್ರಯೋಜನವಿಲ್ಲ, ಬಣ್ಣ ಕೂರುವುದು ಮೊಗ್ಗು ಬೆಳೆಯುವಾಗ. ಹೊಸದಾಗಿ ನೆಟ್ಟ ಎಳೆ ಗಿಡಕ್ಕೆ ಹಾಕಬೇಡಿ. ಬೇಗ ಆಗಲಿ ಅಂತ ಪ್ರಮಾಣ ಹೆಚ್ಚಿಸಿದರೆ ಬೇರು ಸುಡುತ್ತದೆ. ಪಟಿಕದಲ್ಲೂ ಅಲ್ಯೂಮಿನಿಯಂ ಇದೆ, ಹಾಗಾಗಿ ಹಿಂದಿನಿಂದಲೂ ಕೆಲವರು ಅದನ್ನೇ ಬಳಸುತ್ತಾರೆ. ಜೊತೆಗೆ ಕುಂಡದ ಮಿಶ್ರಣಕ್ಕೆ ಮೂರನೇ ಒಂದು ಭಾಗದಷ್ಟು ತೋಟದ ಮಣ್ಣನ್ನು ಸೇರಿಸಿ. ಸಾಧ್ಯವಾದಾಗ ಮಳೆನೀರು ಕೊಡಿ. ಮುಖ್ಯವಾಗಿ, ರಂಜಕ (ಫಾಸ್ಫರಸ್) ಹೆಚ್ಚಿರುವ ಗೊಬ್ಬರ ಬಿಡಿ. ರಂಜಕ ಅಲ್ಯೂಮಿನಿಯಂ ಅನ್ನು ಮಣ್ಣಿನಲ್ಲೇ ಕಟ್ಟಿಹಾಕುತ್ತದೆ. 'ಹೂ ಹೆಚ್ಚಿಸುವ ಗೊಬ್ಬರ' ಅಂತ ಸಿಗುವವುಗಳಲ್ಲಿ ಹೆಚ್ಚಿನವು, ಮೂಳೆ ಪುಡಿ, ಸೂಪರ್ ಫಾಸ್ಫೇಟ್ ಎಲ್ಲ ಈ ಗುಂಪಿನವೇ. ಒಂದು ಕೈಯಲ್ಲಿ ಅಲ್ಯೂಮಿನಿಯಂ, ಇನ್ನೊಂದು ಕೈಯಲ್ಲಿ ಮೂಳೆ ಪುಡಿ ಹಾಕಿ ನೀಲಿ ಬರಲಿಲ್ಲ ಅನ್ನುವವರು ಬೇಕಾದಷ್ಟು.

ಪಿಂಕ್ ಬೇಕಾದವರು ಇದರ ಉಲ್ಟಾ ಮಾಡಬೇಕು, ಸ್ವಲ್ಪ ಕೃಷಿ ಸುಣ್ಣ ಹಾಕಬೇಕು. ಆದರೆ ರಸಸಾರ 7ರ ಹತ್ತಿರ ಹೋದರೆ ಗಿಡಕ್ಕೆ ಕಬ್ಬಿಣ ಸಿಗದೆ ಹೊಸ ಎಲೆ ಹಳದಿಯಾಗುತ್ತದೆ, ನರ ಮಾತ್ರ ಹಸಿರಾಗಿ ಉಳಿಯುತ್ತದೆ. ಬಿಳಿ ತಳಿಗಳು ಏನು ಹಾಕಿದರೂ ನೀಲಿಯಾಗುವುದಿಲ್ಲ. ಪ್ಯಾನಿಕುಲೇಟಾ ಬಿಳಿಯಿಂದ ಪಿಂಕ್‌ಗೆ ತಿರುಗುವುದು ಹೂ ಮಾಗಿದಂತೆ, ಅದಕ್ಕೂ ಮಣ್ಣಿಗೂ ಸಂಬಂಧವಿಲ್ಲ. ಕೆಲವು ದೊಡ್ಡೆಲೆ ತಳಿಗಳು ಕಡು ಪಿಂಕ್ ಆಗಿದ್ದು, ಎಷ್ಟು ಮಾಡಿದರೂ ನೇರಳೆಯಲ್ಲಿ ನಿಂತುಬಿಡುತ್ತವೆ. ನನ್ನನ್ನು ಕೇಳಿದರೆ ಆ ಮಧ್ಯದ ನೇರಳೆಯೇ ಚೆಂದ. ಒಂದೇ ಗಿಡದಲ್ಲಿ ಮೂರು ಬಣ್ಣದ ಗೊಂಚಲು ಬಂದರೆ ಅದನ್ನು ಸರಿಮಾಡಲು ಹೋಗುವವರನ್ನು ಕಂಡರೆ ನನಗೆ ಆಶ್ಚರ್ಯ. ಅಂದಹಾಗೆ, ನಾವು ದಳ ಅಂತ ನೋಡುವುದು ನಿಜವಾದ ದಳವಲ್ಲ, ಬಣ್ಣ ಬಂದ ಪುಷ್ಪಪತ್ರ. ಹೂಗೊಂಚಲು ವಾರಗಟ್ಟಲೆ ಉಳಿಯುವುದು ಅದಕ್ಕೇ.

ರೋಗ ಕೀಟಗಳು ಹೆಚ್ಚು ಕಾಡುವುದಿಲ್ಲ. ಎಲೆಯ ಮೇಲೆ ನೇರಳೆ ಅಂಚಿನ ಕಂದು ಚುಕ್ಕೆ ಬಂದರೆ ಆ ಎಲೆಗಳನ್ನು ಕಿತ್ತು ದೂರ ಹಾಕಿ, ಉದುರಿದ್ದನ್ನೂ ಗುಡಿಸಿ. ಬೂದಿ ಎರಚಿದಂತೆ ಬಿಳಿ ಕಂಡರೆ ಬೂದಿ ರೋಗ. ಗಿಡಗಳ ನಡುವೆ ಗಾಳಿಯಾಡುವಂತೆ ಮಾಡಿ. ಒಣ ಸೆಕೆಯಲ್ಲಿ ಎಲೆಯಡಿ ಕೆಂಪು ನುಸಿ ಬರಬಹುದು. ಎಳೆ ಕುಡಿಗೆ ಸಸ್ಯಹೇನು ಮುತ್ತುತ್ತದೆ. ಎರಡಕ್ಕೂ ಮೊದಲು ಬರೀ ನೀರನ್ನು ಜೋರಾಗಿ ಚಿಮುಕಿಸಿ, ಬೆಳಗಿನ ಹೊತ್ತು ಮಾಡಿದರೆ ಎಲೆ ಬೇಗ ಒಣಗುತ್ತದೆ. ಹೋಗದಿದ್ದರೆ ಸಂಜೆ ಹೊತ್ತು ಬೇವಿನ ಎಣ್ಣೆ. ಮಳೆಗಾಲದ ಬಸವನಹುಳುಗಳನ್ನು ರಾತ್ರಿ ಟಾರ್ಚ್ ಹಿಡಿದು ಹೆಕ್ಕುವುದೇ ಸರಿ. ಒಂದು ಎಚ್ಚರಿಕೆ: ಈ ಗಿಡದ ಎಲೆ, ಮೊಗ್ಗುಗಳಲ್ಲಿ ಸಯನೈಡ್ ಬಿಡುಗಡೆ ಮಾಡುವ ಅಂಶವಿದೆ. ನಾಯಿ, ಬೆಕ್ಕು ತಿಂದರೆ ವಾಂತಿ, ಭೇದಿ ಆಗುತ್ತದೆ. ಎಲ್ಲವನ್ನೂ ಬಾಯಿಗೆ ಹಾಕುವ ವಯಸ್ಸಿನ ಮಕ್ಕಳಿದ್ದರೆ ಅವರ ಕೈಗೆ ಸಿಗದ ಕಡೆ ಇಡಿ.

ಗಿಡ ಇಷ್ಟು ಚೆನ್ನಾಗಿ ಬೆಳೆದಿರುವಾಗ ಒಂದೆರಡು ಕಡ್ಡಿ ನೆಟ್ಟು ಇನ್ನೊಂದು ಗಿಡ ಮಾಡಿಕೊಳ್ಳಿ, ಏನಾದರೂ ಆದರೆ ಕೈಯಲ್ಲಿರುತ್ತದೆ. ಹೂ ಬಿಡದ ಹಸಿರು ಕುಡಿಯೊಂದನ್ನು 10ರಿಂದ 12 ಸೆಂಟಿಮೀಟರ್ ಉದ್ದಕ್ಕೆ, ಗೆಣ್ಣಿನ ಸ್ವಲ್ಪ ಕೆಳಗೆ ಕತ್ತರಿಸಿ. ಕೆಳಗಿನ ಎಲೆ ತೆಗೆದು, ಮೇಲಿನ ಎರಡು ಎಲೆಗಳನ್ನು ಅಡ್ಡಕ್ಕೆ ಅರ್ಧ ಮಾಡಿ. ಕೋಕೋಪೀಟ್ ಮತ್ತು ಮರಳಿನ ಮಿಶ್ರಣದಲ್ಲಿ ಊರಿ, ಮೇಲೆ ಪ್ಲಾಸ್ಟಿಕ್ ಕವರ್ ಮುಚ್ಚಿ, ನೆರಳಲ್ಲಿಡಿ. ಮೂರು ನಾಲ್ಕು ವಾರದಲ್ಲಿ ಬೇರು ಬರುತ್ತದೆ. ಅದಕ್ಕಿಂತ ಸುಲಭ ಬೇಕಾದರೆ ಬಾಗುವ ಒಂದು ಕೆಳಗಿನ ಕಡ್ಡಿಯನ್ನು ನೆಲಕ್ಕೆ ಬಗ್ಗಿಸಿ, ನಡುವೆ ಮಣ್ಣು ಮುಚ್ಚಿ, ಮೇಲೊಂದು ಕಲ್ಲು ಇಟ್ಟು ಮರೆತುಬಿಡಿ.

ಕೊನೆಗೆ, ನೆಲಕ್ಕೆ ಇಳಿಸುವ ಮಾತು. ಖಂಡಿತ ಇಳಿಸಬಹುದು. ನೆಲದಲ್ಲಿ ಬೇರು ತಂಪಾಗಿರುತ್ತದೆ, ಮಧ್ಯಾಹ್ನದ ಜೋತು ಬೀಳುವುದೂ ಕಡಿಮೆಯಾಗುತ್ತದೆ. ಆದರೆ ಈಗ ಬೇಡ. ಸೆಕೆ ಇಳಿದು, ಎಲೆ ಉದುರುವ ಹೊತ್ತಿಗೆ ಮಾಡಿ. ಜಾಗವನ್ನು ಮೊದಲೇ ಪರೀಕ್ಷಿಸಿ: ಒಂದು ಮೊಳ ಆಳದ ಗುಂಡಿಗೆ ನೀರು ತುಂಬಿ ಬಿಡಿ. ಅರ್ಧ ದಿನವಾದರೂ ಇಂಗದಿದ್ದರೆ ಆ ಜಾಗ ಬೇಡ, ಇಲ್ಲವೇ ಮಡಿಯನ್ನು ಎತ್ತರಿಸಿ. ಗುಂಡಿ ಆಳಕ್ಕಿಂತ ಅಗಲವಿರಲಿ, ಕುಂಡದ ಎರಡರಷ್ಟು ಅಗಲ. ತೆಗೆದ ಮಣ್ಣಿಗೆ ಕಳಿತ ಕಾಂಪೋಸ್ಟ್ ಬೆರೆಸಿ. ಬೇರಿನ ಮುದ್ದೆ ಕುಂಡದಲ್ಲಿ ಎಷ್ಟು ಮಟ್ಟದಲ್ಲಿತ್ತೋ ನೆಲದಲ್ಲೂ ಅಷ್ಟೇ ಇರಬೇಕು, ಕಾಂಡವನ್ನು ಹೂಳಬಾರದು. ಸುತ್ತಿಕೊಂಡ ಬೇರುಗಳನ್ನು ಬೆರಳಿನಿಂದ ಸ್ವಲ್ಪ ಬಿಡಿಸಿ. ಪಕ್ಕದ ಗಿಡಕ್ಕೆ ಒಂದು ಮೀಟರಿಗಿಂತ ಹೆಚ್ಚು ಅಂತರ ಬಿಡಿ, ಇದು ಎತ್ತರದಷ್ಟೇ ಅಗಲವಾಗುವ ಗಿಡ. ಮೊದಲ ವರ್ಷ ನೀರು ತಪ್ಪಿಸಬೇಡಿ, ಗೊಬ್ಬರ ಬೇಡ. ಕತ್ತರಿಯಂತೂ ಮುಂದಿನ ಹೂ ಮುಗಿಯುವವರೆಗೆ ಬೀರುವಿನಲ್ಲೇ ಇರಲಿ.